ಕಥೆಯ ಕೈಗೆ ಸಿಕ್ಕವರು

ಅರಸನಿಗೆ ಮೂವರು ಗಂಡುಮಕ್ಕಳಿದ್ದರೆ ಗೆದ್ದು ಬರುವವನು ಕಿರಿಯನೇ ಎಂಬುದು ಕಥೆ ಕೇಳಿದ ಮಗುವಿಗೂ ಗೊತ್ತು. ಹಿರಿಯರಿಬ್ಬರಲ್ಲಿ ಏನು ಕೊರತೆಯಿತ್ತೆಂದು ನಾವಾರೂ ವಿಚಾರಿಸುವುದಿಲ್ಲ. ಕಥೆ ಹಾಗೆ ನಡೆಯಬೇಕು, ನಡೆಯುತ್ತದೆ. ಈ 'ನಡೆಯಬೇಕು' ಎಂಬುದನ್ನೇ ಒಂದು ಲೋಕದ ಪ್ರಕೃತಿನಿಯಮವನ್ನಾಗಿ ಮಾಡಿದವನು ಇಂಗ್ಲೆಂಡಿನ ಹಾಸ್ಯಲೇಖಕ ಟೆರಿ ಪ್ರಾಚೆಟ್ (1948–2015). 1983ರಿಂದ ಮೊದಲ್ಗೊಂಡು 41 ಕಾದಂಬರಿಗಳಲ್ಲಿ ಆತನು ಕಟ್ಟಿದ 'ಡಿಸ್ಕ್‌ವರ್ಲ್ಡ್' ತಟ್ಟೆಯಂತೆ ಚಪ್ಪಟೆಯಾದ ಲೋಕ. ಅದನ್ನು ನಾಲ್ಕು ಆನೆಗಳು ಹೊತ್ತಿವೆ, ಆನೆಗಳನ್ನು ಒಂದು ಮಹಾಕೂರ್ಮ ಹೊತ್ತಿದೆ. ದಿಗ್ಗಜಗಳನ್ನೂ ಆದಿಕೂರ್ಮವನ್ನೂ ಬಲ್ಲ ನಮಗೆ ಈ ಚಿತ್ರ ಹೊಸದಲ್ಲ. ಹೊಸದು ಅಲ್ಲಿನ ಕಾರ್ಯಕಾರಣ ಸಂಬಂಧ.

ಆ ಲೋಕದಲ್ಲಿ ಮನುಷ್ಯರು ಕಥೆ ಹೇಳುವುದಕ್ಕಿಂತ ಹೆಚ್ಚಾಗಿ ಕಥೆಗಳು ಮನುಷ್ಯರನ್ನು ಬಳಸಿಕೊಳ್ಳುತ್ತವೆ. ಒಮ್ಮೆ ನಡೆದ ಕಥೆ ಮತ್ತೆ ನಡೆಯಲು ಹವಣಿಸುತ್ತದೆ. ನಡೆದಷ್ಟೂ ಅದರ ಜಾಡು ಆಳವಾಗುತ್ತದೆ, ಆ ಜಾಡಿಗೆ ಬಿದ್ದ ಬಂಡಿಯ ಗಾಲಿ ಮೇಲೇಳುವುದು ಕಷ್ಟ. ಇಬ್ಬರು ವಿಜ್ಞಾನಲೇಖಕರೊಡನೆ 1999ರಲ್ಲಿ ಹೊರತಂದ ಪುಸ್ತಕದಲ್ಲಿ ಪ್ರಾಚೆಟ್ ಈ ಶಕ್ತಿಯನ್ನು ಒಂದು ಮೂಲಧಾತುವೆಂದೇ ಬಗೆದು 'ನ್ಯಾರೇಟಿವಿಯಮ್' ಎಂದು ಹೆಸರಿಟ್ಟನು. ನಗೆಗೂ ಇಲ್ಲಿ ಅವಕಾಶ ಬೇಕಾದಷ್ಟಿದೆ. 1989ರ 'ಗಾರ್ಡ್ಸ್! ಗಾರ್ಡ್ಸ್!' ಕಾದಂಬರಿಯಲ್ಲಿ ಪಹರೆಯವರು ಬೆಂಕಿಯುಗುಳುವ ಡ್ರ್ಯಾಗನ್ನಿನ ಮೇಲೆ ಬಾಣ ಬಿಡಬೇಕಾಗಿದೆ. ಹತ್ತು ಲಕ್ಷಕ್ಕೊಂದು ಅವಕಾಶವಿದ್ದರೆ ಗೆಲುವು ಖಂಡಿತ. ಕಥೆಗಳಲ್ಲೆಲ್ಲ ಹಾಗೆಯೇ ಅಲ್ಲವೆ? ಆದರೆ ತಮ್ಮ ಬಿಲ್ಲುಗಾರ ಅಷ್ಟು ಕೆಟ್ಟವನಲ್ಲ! ಆದ್ದರಿಂದ ಅವನನ್ನು ಒಂಟಿಕಾಲಿನಲ್ಲಿ ನಿಲ್ಲಿಸಿ, ಇನ್ನೂ ಏನೇನೋ ಅಡ್ಡಿಗಳನ್ನೊಡ್ಡಿ ಲೆಕ್ಕ ಸರಿಮಾಡಲು ಹೆಣಗುತ್ತಾರೆ. ಬಾಣ ಗುರಿ ತಪ್ಪುತ್ತದೆ.

1991ರ 'ವಿಚಸ್ ಅಬ್ರಾಡ್' ಓದುವಾಗ ಈ ನಗೆ ಗಂಟಲಲ್ಲೇ ನಿಲ್ಲುತ್ತದೆ. ಜೆನ್ಯುವಾ ಎಂಬ ನಗರವನ್ನು ಲಿಲಿತ್ ಎಂಬವಳು ಆಳುತ್ತಿದ್ದಾಳೆ. ಬಡಹುಡುಗಿಯನ್ನು ರಾಜಕುಮಾರನಿಗೆ ಕೂಡಿಸುವ ಸಿಂಡರೆಲಾ ಕಥೆಯ ಕಿನ್ನರಿಯ ಪಾತ್ರ ಅವಳದು. ಊರಿನವರೆಲ್ಲ ಕಥೆಯಲ್ಲಿದ್ದಂತೆಯೇ ಇರಬೇಕೆಂಬುದು ಅವಳ ಆಜ್ಞೆ. ಆಟಿಕೆ ಮಾಡುವವನು ಸಿಳ್ಳು ಹಾಕುವುದಿಲ್ಲ, ಮಕ್ಕಳಿಗೆ ಕಥೆ ಹೇಳುವುದಿಲ್ಲ. ಅದೇ ಅವನ ಅಪರಾಧ. ಒಲ್ಲದ ಹುಡುಗಿ ಒಬ್ಬ 'ರಾಜಕುಮಾರ'ನನ್ನು ವರಿಸಬೇಕು. ಅವನಾದರೋ ಮೂಲತಃ ಒಂದು ಕಪ್ಪೆ.

ನನ್ನ ಮನಸ್ಸಿನಲ್ಲಿ ನಿಂತಿರುವುದು ಮಾತ್ರ ಈ ಅರಮನೆಯಲ್ಲ, ದಾರಿಯ ಕಾಡಿನಲ್ಲಿ ಸಿಗುವ ತೋಳ. ಕೆಂಪು ಕುಲಾವಿಯ ಹುಡುಗಿಯ ಕಥೆ ನಡೆಯಬೇಕಾದರೆ ಮಾತನಾಡುವ ತೋಳವೊಂದು ಬೇಕಷ್ಟೆ. ಲಿಲಿತ್ ಒಂದು ನಿಜವಾದ ತೋಳದ ತಲೆಯಲ್ಲಿ ತಾನು ಮನುಷ್ಯನೆಂಬ ಭ್ರಮೆಯನ್ನು ತುಂಬಿದ್ದಾಳೆ. ಅದು ಅತ್ತ ಮನುಷ್ಯನೂ ಆಗಲಿಲ್ಲ, ಇತ್ತ ತೋಳವಾಗಿಯೂ ಉಳಿಯಲಿಲ್ಲ. ಕೊನೆಗೆ ತನ್ನನ್ನು ಕೊಲ್ಲಿರೆಂದು ಅದು ಬೇಡಿಕೊಳ್ಳುತ್ತದೆ. ಕಥೆಯಲ್ಲಿ ತೋಳದ ಪಾಡೇನೆಂದು ಅಲ್ಲಿಯವರೆಗೆ ಯಾರು ಕೇಳಿದ್ದರು?

ಲಿಲಿತ್‌ಳನ್ನು ಎದುರಿಸುವವಳು ಅವಳ ಒಡಹುಟ್ಟಿದ ತಂಗಿ, ಮಾಟಗಾತಿ ವೆದರ್‌ವ್ಯಾಕ್ಸ್ ಅಜ್ಜಿ. ಲಿಲಿತ್ ತನ್ನನ್ನು ಒಳ್ಳೆಯವಳೆಂದೇ ನಂಬಿದ್ದಾಳೆ. ಶುಭಾಂತವನ್ನು ದಯಪಾಲಿಸುವವಳು ಕೆಟ್ಟವಳಾಗುವುದು ಹೇಗೆ? ಅಜ್ಜಿಯ ಕಣ್ಣಿಗೆ ಕಾಣುವ ಕೇಡು ಒಂದೇ: ಜೀವವುಳ್ಳವರನ್ನು ಆಟದ ಕಾಯಿಗಳಂತೆ ನಡೆಸುವುದು. ಅಧ್ಯಾಪಕ ಮಿತ್ರರು ಕ್ಷಮಿಸಬೇಕು, ಇದನ್ನೋದುವಾಗ ನನಗೆ ನೆನಪಾದುದು ಶಾಲೆಯ ಹಿಂದಿನ ಬೆಂಚು. ಒಬ್ಬ ಹುಡುಗನಿಗೆ ದಡ್ಡನ ಪಾತ್ರ ಒಮ್ಮೆ ದೊರೆಯಿತೆಂದರೆ ಅವನು ಬಿಡಿಸಿದ ಲೆಕ್ಕವೂ ಪಕ್ಕದವನಿಂದ ನಕಲು ಮಾಡಿದ್ದೆಂದಾಗುತ್ತದೆ. ಹಾಗೆನ್ನುವವರಲ್ಲಿ ದುಷ್ಟರು ಎಷ್ಟು ಮಂದಿ?

ಹಾಗಾದರೆ ಕಥೆಯ ಪುನರಾವರ್ತನೆಯೇ ಬಂಧನವೆನ್ನೋಣವೆ? ಪ್ರಾಚೆಟ್ ಅತ್ತ ತುಸು ಹೆಚ್ಚಾಗಿಯೇ ವಾಲುತ್ತಾನೆಂದು ನನಗೆ ತೋರುತ್ತದೆ. ಅವನ ಹುಡುಗಿ ಕಪ್ಪೆರಾಜಕುಮಾರನಿಂದ ಪಾರಾದಳು, ಸರಿ. ಆದರೆ ಕೊಲೆಯಾದ ದೊರೆಯ ಮಗಳು ತಂದೆಯ ಪಟ್ಟಕ್ಕೆ ಬರುವುದು ಅದಕ್ಕಿಂತಲೂ ಹಳೆಯ ಕಥೆಯಲ್ಲವೆ? ಕಥೆಯನ್ನು ಸೋಲಿಸಲು ಅವನಿಗೂ ಇನ್ನೊಂದು ಕಥೆಯೇ ಬೇಕಾಯಿತು.

ನಮ್ಮ ಅಧ್ಯಾತ್ಮ ರಾಮಾಯಣದಲ್ಲಿ ಇದೇ ಪ್ರಶ್ನೆಗೆ ಬೇರೊಂದು ಬಗೆಯ ಉತ್ತರವಿದೆ. ವನವಾಸಕ್ಕೆ ಬರಬೇಡವೆನ್ನುತ್ತಾನೆ ರಾಮ. ಸೀತೆ ಪರಿಪರಿಯಾಗಿ ವಾದಿಸಿ, ಕಡೆಗೆ ಹೇಳುತ್ತಾಳೆ: ಬಲ್ಲವರಿಂದ ಎಷ್ಟೋ ರಾಮಾಯಣಗಳನ್ನು ಕೇಳಿದ್ದಾಗಿದೆ, ಸೀತೆಯನ್ನು ಬಿಟ್ಟು ರಾಮ ಕಾಡಿಗೆ ಹೋದದ್ದು ಅವುಗಳಲ್ಲಿ ಎಲ್ಲಿಯಾದರೂ ಉಂಟೆ? ಜೆನ್ಯುವಾದ ಹುಡುಗಿಯನ್ನು ಕಥೆ ಎಳೆದೊಯ್ಯುತ್ತಿತ್ತು. ಇಲ್ಲಿ ಸೀತೆಯೇ ಕಥೆಯನ್ನು ತನ್ನ ಪರವಾಗಿ ಸಾಕ್ಷಿಗೆ ಕರೆಯುತ್ತಾಳೆ. ರಾಮನಿಗೆ ಒಪ್ಪದೆ ಗತಿಯಿಲ್ಲ. ಆ ಎಲ್ಲ ರಾಮಾಯಣಗಳಲ್ಲಿಯೂ ಕಾಡಿನಲ್ಲಿ ಯಾರು ಕಾದಿದ್ದಾನೆಂಬುದು ಅವುಗಳನ್ನು ಕೇಳಿದವಳಿಗೆ ತಿಳಿದಿರಲೇಬೇಕು. ತಿಳಿದೂ ಆಕೆ ಹೊರಟಳು.