ಚೌಕಳಿ ಪರದೆಯ ಮುಂದೆ

ಕಳೆದ ವಾರ ಮಗಳ ಶಾಲೆಯಲ್ಲಿ ಛದ್ಮವೇಷ ಸ್ಪರ್ಧೆ. ಬಾಡಿಗೆ ಅಂಗಡಿಯಿಂದ ಲಂಬಾಣಿ ಉಡುಪು ತಂದು ತೊಡಿಸಿದ್ದೆ. ಎರಡನೇ ಬಹುಮಾನವೂ ಬಂತು. ಸಂಜೆ ಮುಖದ ಬಣ್ಣ ತೊಳೆಯುವಾಗ ಅವಳು ಹೇಳಿದಳು: "ಅಮ್ಮಾ, ನನ್ನ ಫ್ರೆಂಡ್ ಕೇಳಿದ್ಳು, 'ಇದು ವೇಷ ಹೇಗಾಗುತ್ತೆ? ನಮ್ಮಜ್ಜಿ ದಿನಾ ಇದನ್ನೇ ಹಾಕ್ಕೊಳ್ತಾರೆ' ಅಂತ."

ಟವೆಲ್ ಹಿಡಿದುಕೊಂಡು ಸುಮ್ಮನೆ ನಿಂತೆ. ಏನು ಹೇಳಲಿ?

ಆಗ ನೆನಪಾದದ್ದು ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ಬರೋಡಾದಲ್ಲಿ ಶಿಲ್ಪಕಲೆ ಕಲಿತ ಅವರು 1990ರ ದಶಕದ ನಡುವಿನಿಂದ ತಾವೇ ವೇಷ ತೊಟ್ಟು ಕ್ಯಾಮೆರಾ ಮುಂದೆ ನಿಲ್ಲತೊಡಗಿದರು. ನಟನೆ, ಚಿತ್ರ, ಸಿನಿಮಾ ಎಲ್ಲವೂ ಕಲೆತ ಕೆಲಸ ಅವರದು. 'ಫ್ಯಾಂಟಮ್ ಲೇಡಿ'ಯಲ್ಲಿ ಮುಖವಾಡದ ಸಾಹಸಿ. ಹಳೆಯ ಅಡುಗೆ ಟಿಪ್ಪಣಿಗಳಿಂದ ಹುಟ್ಟಿದ ಒಂದು ಕಿರುಚಿತ್ರವೂ ಇದೆ. (ನಮ್ಮಮ್ಮನ ಟಿಪ್ಪಣಿ ಪುಸ್ತಕದಲ್ಲಿ ಹಾಲಿನ ಲೆಕ್ಕವೇ ಜಾಸ್ತಿ!)

2000ರಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಅವರು ದಕ್ಷಿಣ ಭಾರತದ ಹೆಂಗಸರ ಹಳೆಯ ಚಿತ್ರಗಳನ್ನು ಮತ್ತೆ ಕಟ್ಟಿದರು. ರವಿವರ್ಮ ಪ್ರೆಸ್ಸಿನ ಲಕ್ಷ್ಮಿಯಾದರು. ನೀಲಗಿರಿಯ ತೋಡಾ ಹೆಂಗಸೂ ಆದರು. ಆ ಫೋಟೊವನ್ನೇ ಮಗಳಿಗೆ ತೋರಿಸಿದೆ.

"ಹಿಂದೆ ಯಾಕೆ ಗಣಿತದ ಪುಸ್ತಕದ ಥರ ಚೌಕ?"

19ನೇ ಶತಮಾನದಲ್ಲಿ ಬ್ರಿಟಿಷರು ನಮ್ಮ ಜನರನ್ನು ಹೀಗೆ ಚೌಕಳಿ ಪರದೆ ಮುಂದೆ ನಿಲ್ಲಿಸಿ, ಎತ್ತರ, ಕೈಕಾಲು ಅಳೆದು, 'ಇವರು ಇಂಥ ಜಾತಿಯವರು' ಎಂದು ವಿಂಗಡಿಸುತ್ತಿದ್ದರು ಎಂದೆ. ಎಷ್ಟೋ ಚಿತ್ರಗಳ ಕೆಳಗೆ ಬುಡಕಟ್ಟಿನ ಹೆಸರಿರುತ್ತಿತ್ತು, ಮನುಷ್ಯರದಲ್ಲ. ಪುಷ್ಪಮಾಲಾ ಆ ಜಾಗದಲ್ಲಿ ತಾವೇ ಹೋಗಿ ನಿಂತರು. ಅಷ್ಟೇ ಅಲ್ಲ, ಇದೇ ಸರಣಿಯ ಕೆಲವು ಫೋಟೊಗಳಲ್ಲಿ ಪರದೆಯ ಅಂಚು, ದೀಪ, ಸಹಾಯಕರು ಎಲ್ಲ ಕಾಣುತ್ತಾರೆ. ಇದು ವೇಷ ಎಂಬುದನ್ನು ಅವರು ಮುಚ್ಚಿಡುವುದಿಲ್ಲ. ನಾನು ಮಾತ್ರ ಬಾಡಿಗೆ ಚೀಟಿಯನ್ನು ಲಂಗದೊಳಕ್ಕೆ ಮಡಚಿ ಪಿನ್ನು ಹಾಕಿದ್ದೆ.

ಮಗಳು ತುಂಬ ಹೊತ್ತು ನೋಡಿದಳು. "ಅವಳ ಅಜ್ಜಿ ಹೆಸರು ನಾನೂ ಕೇಳಲೇ ಇಲ್ಲ" ಎಂದಳು.

ಮರುದಿನ ಶಾಲೆಯ ಗೇಟಿನಲ್ಲಿ ಕೇಳಿಯೇ ಬಿಟ್ಟಳು. ಬಾಡಿಗೆ ಉಡುಪು ವಾಪಸು ಕೊಡಲೆಂದು ನನ್ನ ಚೀಲದಲ್ಲೇ ಇತ್ತು. ಅಜ್ಜಿ ಅದನ್ನು ತೆಗೆಸಿ, ತಿರುವಿ ನೋಡಿ ನಕ್ಕರು. "ಕನ್ನಡಿ ಎಲ್ಲ ಗೋಂದು ಹಚ್ಚಿ ಅಂಟಿಸವ್ರೆ. ಉದುರೋಗ್ತವೆ." ಲಂಗಕ್ಕೆ ಫೇಟಿಯಾ, ರವಿಕೆಗೆ ಕಾಂಚಳಿ ಅನ್ನುತ್ತಾರಂತೆ. ಮಗಳು ಎರಡೂ ಮಾತನ್ನು ಎರಡೆರಡು ಸಲ ಹೇಳಿಸಿಕೊಂಡಳು.

ಭಾನುವಾರ ಕನ್ನಡಿ ಹೊಲಿಯುವುದನ್ನು ಕಲಿಸುತ್ತಾರಂತೆ. ಸೂಜಿ, ದಪ್ಪ ದಾರ ನಾವೇ ತರಬೇಕು.