ಈ ಅಸ್ಥಿಗಳಿಗೆ ವಾರಸುದಾರರಾರು?

ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ್, ಚಿಂಚೋಳಿಗಳ ಹೆಸರನ್ನೆತ್ತಿದೊಡನೆ ವಾಚಕರಿಗೆ ಸಿಮೆಂಟು, ತೊಗರಿ ಮತ್ತು ಫರಸಿ ಕಲ್ಲುಗಳ ನೆನಪಾಗುವುದು ಸಹಜ. ಆದರೆ ಭೀಮೆಯ ಈ ಸುಣ್ಣಗಲ್ಲಿನ ಸೀಮೆಯು ಕನ್ನಡ ನಾಡಿನ ಅತಿ ಪ್ರಾಚೀನ ನಿವಾಸಿಗಳ ಚರಿತ್ರೆಯನ್ನೂ ತನ್ನ ಒಡಲಿನಲ್ಲಿ ಇಟ್ಟುಕೊಂಡಿದೆ ಎಂಬುದನ್ನು ಬಲ್ಲವರು ಕೆಲವರು ಮಾತ್ರ.

ಈ ಸೀಮೆಯ ದಕ್ಷಿಣದಂಚಿನಲ್ಲಿ, ಹುಣಸಗಿಯ ಬಳಿಯ ಇಸಾಂಪುರದಲ್ಲಿ, ಸುಮಾರು 12 ಲಕ್ಷ ವರ್ಷಗಳ ಹಿಂದೆಯೇ ಆದಿಮಾನವರು ಸುಣ್ಣಗಲ್ಲನ್ನೊಡೆದು ಆಯುಧಗಳನ್ನು ಮಾಡಿಕೊಂಡಿದ್ದರೆಂದು ಪ್ರೊ. ಕೆ. ಪದ್ದಯ್ಯನವರ ಉತ್ಖನನದಿಂದ ತಿಳಿದುಬಂದಿದೆ. ಸನ್ನತಿಯ ನೆರೆಯ ಕನಗನಹಳ್ಳಿಯಲ್ಲಿ 1990ರ ದಶಕದಲ್ಲಿ ಬೆಳಕು ಕಂಡ ಬೌದ್ಧ ಸ್ತೂಪದ ಶಿಲ್ಪಗಳೂ ಸುಣ್ಣಗಲ್ಲಿನಲ್ಲಿಯೇ ಅರಳಿದವು.

ಈ ಎರಡು ಕಾಲಗಳ ನಡುವೆ ಬಾಳಿ ಅಳಿದವರ ಅಸ್ಥಿಗಳು ಮೊದಲು ಬೆಳಕಿಗೆ ಬಂದುದು ಒಬ್ಬ ಆಂಗ್ಲ ಅಧಿಕಾರಿಯಿಂದ. ಸುರಪುರ ಸಂಸ್ಥಾನದ ಮೇಲ್ವಿಚಾರಕನಾಗಿದ್ದ ಮೆಡೋಸ್ ಟೇಲರನು ಜೇವರ್ಗಿಯ ಶಿಲಾಸಮಾಧಿಗಳನ್ನು ಅಗೆಸಿ, 1851ರ ಸುಮಾರಿಗೆ ಅವುಗಳ ವಿವರವನ್ನು ಪ್ರಕಟಿಸಿದನು. ಮುಂಡದಿಂದ ಬೇರೆಯಾಗಿದ್ದ ತಲೆಬುರುಡೆಗಳನ್ನು ಕಂಡು ಇದು ನರಬಲಿಯೆಂದು ಊಹಿಸಿದನು. ಸಮಾಧಿ ಕಟ್ಟಿದವರ ಮೂಲವನ್ನು ದೂರದ ಸಿಥಿಯನ್ ಜನಾಂಗದಲ್ಲಿ ಅರಸಿದನು. ಅವನ ಶ್ರಮಕ್ಕೆ ನಾವು ಕೃತಜ್ಞರು. ಅವನ ತೀರ್ಪಿಗೆ ಬದ್ಧರಲ್ಲ. ಇವು ಕಬ್ಬಿಣಯುಗದ ಸಮಾಧಿಗಳೆಂದೂ, ಮೃತರ ಎಲುಬುಗಳನ್ನು ಆಯ್ದು ಮರಳಿ ಹೂಳುವ ಪದ್ಧತಿಯು ಆ ಕಾಲದಲ್ಲಿ ರೂಢಿಯಲ್ಲಿತ್ತೆಂದೂ ಪುರಾತತ್ತ್ವಜ್ಞರು ಈಗ ಹೇಳುತ್ತಾರೆ. ಕ್ರೌರ್ಯವೆಂದು ಬರೆಯಲ್ಪಟ್ಟುದು ಬಂಧುಗಳ ಭಕ್ತಿಯೇ ಆಗಿರಬಹುದು.

ಈಜಿಪ್ತಿನ ಮರುಭೂಮಿಯ ಒಣ ಮರಳು ಸಾವಿರಾರು ವರ್ಷಗಳ ದೇಹಗಳನ್ನು ಕಾಪಾಡುತ್ತದೆ. ಮಳೆಗೆ ಉಬ್ಬಿ ಬೇಸಿಗೆಗೆ ಬಿರಿಯುವ ನಮ್ಮ ಎರೆಭೂಮಿಗೆ ಅಂತಹ ಕರುಣೆಯಿಲ್ಲ. ಆದುದರಿಂದಲೇ ಇಲ್ಲಿ ಉಳಿದ ಒಂದೊಂದು ಎಲುಬೂ ಅಮೂಲ್ಯವಾದುದು. 1958ರ ಕೇಂದ್ರ ಶಾಸನವು ಸಂರಕ್ಷಿತವೆಂದು ಘೋಷಿತವಾದ ಸ್ಥಳಗಳ ಸುತ್ತ ಕಾವಲಿಟ್ಟಿದೆ. ಪಟ್ಟಿಗೆ ಸೇರದ ಸಮಾಧಿಗೆ ಆ ಕಾವಲು ದೊರೆಯದು. ಕಲ್ಲುಗಣಿಯಲ್ಲಿ ಒಮ್ಮೆ ಒಡೆದುದನ್ನು ಯಾವ ವಿದ್ವಾಂಸನೂ ಮತ್ತೆ ಓದಲಾರನು.

ಗಣಿಗಳು ನಿಲ್ಲಬೇಕೆಂದು ನಾವು ಹೇಳುವುದಿಲ್ಲ. ಸಹಸ್ರಾರು ಕುಟುಂಬಗಳ ಅನ್ನ ಅಲ್ಲಿದೆ. ಹೊಸ ಗಣಿಗೆ ಅನುಮತಿ ಕೊಡುವ ಮುನ್ನ ಪುರಾತತ್ತ್ವ ಇಲಾಖೆಯು ಆ ನೆಲವನ್ನು ನಡೆದು ನೋಡಲಿ. ಹಳ್ಳಿ ಹಳ್ಳಿಯ ಶಿಲಾಸಮಾಧಿಗಳ ಪಟ್ಟಿಯಾಗಲಿ. ದೊರೆತ ಅಸ್ಥಿಗಳಿಗೆ ಕಲಬುರಗಿಯಲ್ಲಿಯೇ ಯೋಗ್ಯವಾದ ನೆಲೆ ಸಿಗಲಿ. ಸರ್ಕಾರಕ್ಕೆ ನಮ್ಮ ಬೇಡಿಕೆ ಇಷ್ಟೇ. ಹೊಲದಲ್ಲಿ ಕಲ್ಲಿನ ವೃತ್ತವನ್ನು ಕಂಡ ರೈತಬಂಧುಗಳೂ ನಿಧಿಯ ಆಸೆಗೆ ಅದನ್ನು ಕೆಡವದೆ ಸುದ್ದಿ ತಿಳಿಸಬೇಕು. ಹಿರಿಯರ ಎಲುಬುಗಳನ್ನು ಕಾಯಲಾರದ ಜನತೆಯು ಅವರ ಹೆಸರಿನಲ್ಲಿ ಅಭಿಮಾನಪಡುವುದಕ್ಕೆ ಅರ್ಥವಿಲ್ಲ.