ಅದು ಏಕೆ ಸತ್ತಿತು?

ಮೊನ್ನೆ ಭಾನುವಾರ ಬೆಳಗ್ಗೆ ಮಗಳ ಕೈ ಹಿಡಿದುಕೊಂಡು ಬಂಗಾರಪೇಟೆಯ ಬಜಾರಿಗೆ ತರಕಾರಿ ತರಲೆಂದು ಹೊರಟಿದ್ದೆ. ರಸ್ತೆಯ ತಿರುವಿನಲ್ಲಿ ಜನ ಗುಂಪುಗೂಡಿದ್ದರು. ನಡುವೆ ಬಾಳೆಯೆಲೆಯ ಮೇಲೆ ಒಂದು ಕೋತಿಯ ಶವ. ಹಣೆಗೆ ಕುಂಕುಮ, ಕೊರಳಿಗೆ ಸೇವಂತಿಗೆಯ ಹಾರ, ತಲೆಯ ಬಳಿ ಊದುಕಡ್ಡಿ. ತಮಟೆಯವರು ಆಗಲೇ ಬಂದು ನಿಂತಿದ್ದರು. ನಮಗೆ ವರ್ತನೆಯ ದಿನಸಿ ಅಂಗಡಿಯ ಯಜಮಾನರು ನನ್ನನ್ನು ಕಂಡು, “ಬನ್ನಿ ಮೇಷ್ಟ್ರೆ, ಆಂಜನೇಯಸ್ವಾಮಿ ನಮ್ಮ ಅಂಗಡಿ ಬಾಗಿಲಲ್ಲೇ ದೇಹ ಬಿಟ್ಟಿದ್ದಾನೆ. ನಮ್ಮ ಪುಣ್ಯ” ಎಂದರು.

ನಾನೂ ಎರಡು ಹೂ ಹಾಕಿದೆ. ಮಗಳು ಬಾಗಿ ಅದರ ಪಾದ ಮುಟ್ಟಿ ಕಣ್ಣಿಗೊತ್ತಿಕೊಂಡಳು. ಅವಳನ್ನು ತಡೆಯಬೇಕೆಂದು ನನಗೆ ತೋರಲಿಲ್ಲ. ಮನೆಗೆ ಹಿಂದಿರುಗುವಾಗ ಅವಳು ಕೇಳಿದಳು: “ಅಪ್ಪಾ, ಅದು ಯಾಕೆ ಸತ್ತುಹೋಯ್ತು?”

ಉತ್ತರ ನನ್ನಲ್ಲಿರಲಿಲ್ಲ. ವಿದ್ಯುತ್ತಿನ ತಂತಿ ತಗುಲಿತೋ, ಯಾರೋ ಇಲಿಗೆಂದು ಇಟ್ಟ ಪಾಷಾಣವನ್ನು ತಿಂದಿತೋ, ಯಾವುದಾದರೂ ಕಾಯಿಲೆಯೋ? ಅಲ್ಲಿ ನೆರೆದ ಅಷ್ಟು ಮಂದಿಯಲ್ಲಿ ಹೂವಿನ ಬೆಲೆಯನ್ನು ಕೇಳಿದವರಿದ್ದರು, ಹೂಳುವ ಸ್ಥಳವನ್ನು ಕೇಳಿದವರಿದ್ದರು. ಸಾವಿನ ಕಾರಣವನ್ನು ಕೇಳಿದವರು ಒಬ್ಬರೂ ಇರಲಿಲ್ಲ. ಎಂಟು ವರುಷದ ಹುಡುಗಿಗೆ ಹೊಳೆದ ಪ್ರಶ್ನೆ ಎಂ.ಎ. ಓದಿದ ತಂದೆಗೆ ಹೊಳೆಯದೆ ಹೋಯಿತು.

ನಮ್ಮ ನಾಡಿನಲ್ಲಿಯೇ ಒಮ್ಮೆ ಈ ಪ್ರಶ್ನೆಯನ್ನು ಕೇಳಿದವರುಂಟು. 1957ರ ಬೇಸಗೆಯಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಕರಿಮೋರೆಯ ಮುಸುವಗಳೂ ಕೆಂಪುಮೋರೆಯ ಕೋತಿಗಳೂ ಮರದಿಂದ ಬಿದ್ದು ಸಾಯತೊಡಗಿದವು. ಅದೇ ಕಾಲದಲ್ಲಿ ಸುತ್ತಲಿನ ಹಳ್ಳಿಗರು ತೀವ್ರವಾದ ಜ್ವರ, ತಲೆಶೂಲೆ, ರಕ್ತಸ್ರಾವಗಳಿಂದ ಹಾಸಿಗೆ ಹಿಡಿದರು. ಪುಣೆಯ ವೈರಸ್ ಸಂಶೋಧನ ಕೇಂದ್ರದ ವಿಜ್ಞಾನಿಗಳು ಬಂದರು. ಭಾರತದಲ್ಲಿ ಎಂದೂ ಕಾಣದಿದ್ದ ಹಳದಿ ಜ್ವರವೇ ಬಂದಿತೆ ಎಂಬುದು ಅವರ ಮೊದಲ ಭೀತಿ. ಆ ಜ್ವರವೂ ದಕ್ಷಿಣ ಅಮೆರಿಕದ ಕಾಡುಗಳಲ್ಲಿ ಮಂಗಗಳನ್ನು ಕೊಲ್ಲುವಂಥದು. ಸತ್ತ ಮಂಗಗಳನ್ನು ಹುಡುಕಿ ತಂದು ಪರೀಕ್ಷಿಸಿದಾಗ ತಿಳಿದದ್ದು ಬೇರೆ: ಇದು ಹೊಸತೊಂದು ವೈರಸ್, ರಷ್ಯದ ಕಾಡುಗಳಲ್ಲಿ ಮಿದುಳು ಜ್ವರವನ್ನು ತರುವ ವೈರಸ್ಸಿನ ಬಂಧು. ಮಲೆನಾಡಿಗರು ಇದನ್ನು ಮಂಗನ ಕಾಯಿಲೆ ಎಂದರು. ಜಗತ್ತಿನ ವೈದ್ಯಗ್ರಂಥಗಳಲ್ಲಿ ಕ್ಯಾಸನೂರಿನ ಹೆಸರು ಶಾಶ್ವತವಾಯಿತು.

ಹೆಸರು ಮಂಗನದಾದರೂ ಅಪರಾಧ ಮಂಗನದಲ್ಲ. ಕಾಯಿಲೆಯನ್ನು ಹೊತ್ತು ತಿರುಗುವುದು ಸಾಸಿವೆಯಷ್ಟು ಗಾತ್ರದ ಉಣ್ಣೆ. ಮಂಗವೂ ನಮ್ಮಂತೆಯೇ ಅದರ ಕಡಿತಕ್ಕೆ ಬಲಿಯಾಗುವ ಪ್ರಾಣಿ. ಮಂಗ ಸತ್ತು ದೇಹ ತಣ್ಣಗಾದೊಡನೆ ಉಣ್ಣೆಗಳು ಅದನ್ನು ಬಿಟ್ಟು ಸುತ್ತಲಿನ ತರಗೆಲೆಗಳಲ್ಲಿ ಹರಡಿಕೊಳ್ಳುತ್ತವೆ. ಸೌದೆಗೋ ದರಗಿಗೋ ದನ ಮೇಯಿಸಲೋ ಅಲ್ಲಿಗೆ ಹೋದವನಿಗೆ ಅವು ಕಾದಿರುತ್ತವೆ. ಕಾಯಿಲೆ ಬಿದ್ದ ನೂರು ಮಂದಿಯಲ್ಲಿ ಮೂರರಿಂದ ಐದು ಮಂದಿ ಸಾಯುವರು. ಆದಕಾರಣ ಮಂಗ ಸತ್ತ ಸುದ್ದಿಯೆಂದರೆ ಮಲೆನಾಡಿನಲ್ಲಿ ಎಚ್ಚರಿಕೆಯ ಗಂಟೆ. ಶವದಿಂದ ಮಾದರಿ ತೆಗೆದು ಪರೀಕ್ಷೆಗೆ ಕಳುಹಿಸುವರು. ಸುತ್ತಲಿನ ನೆಲಕ್ಕೆ ಉಣ್ಣೆ ಕೊಲ್ಲುವ ಪುಡಿ ಎರಚುವರು. ಆ ಕಡೆ ಹೋಗಬೇಡಿರೆಂದು ಊರಿನವರಿಗೆ ತಿಳಿಸುವರು.

ಗಂಟೆಯ ಅರ್ಥ ತಿಳಿಯದಿದ್ದರೆ ಏನಾದೀತು? 2012ರ ಕೊನೆಯಲ್ಲಿ ಬಂಡೀಪುರದ ಕಾಡಿನಲ್ಲಿ ಮಂಗಗಳು ಸತ್ತವು. ಮಂಗನ ಕಾಯಿಲೆ ಆ ಭಾಗಕ್ಕೆ ಹೊಸದು. ಶವಗಳನ್ನು ಎತ್ತಿ ಸುಟ್ಟ ಅರಣ್ಯ ಕೆಲಸಗಾರರೇ ಜ್ವರದಿಂದ ಮಲಗಿದರು. ತಮ್ಮ ಕರ್ತವ್ಯವನ್ನು ಮಾಡಿದವರು ಅವರು. ಕೈಗೆ ಬಂದ ಸಾವು ಯಾವ ಬಗೆಯದೆಂದು ಮೊದಲೇ ತಿಳಿದಿರಲಿಲ್ಲ, ಅಷ್ಟೆ.

ಕಾಡಿನಿಂದ ಊರಿಗೆ ಕಾಯಿಲೆ ಬರುವ ದಾರಿಯಲ್ಲಿಯೇ ಊರಿನಿಂದ ಕಾಡಿಗೂ ಹೋಗುತ್ತದೆ. 1968ರಲ್ಲಿ ಬಂಡೀಪುರ, ಮುದುಮಲೆಯ ಕಾಡುಗಳಲ್ಲಿ ಕಾಟಿಗಳು ಹಿಂಡುಹಿಂಡಾಗಿ ಸತ್ತುವು. ಕಾರಣ, ದನಗಳ ದೊಡ್ಡರೋಗ. ಅನಂತರದ ವರ್ಷಗಳಲ್ಲಿ ದೇಶದಾದ್ಯಂತ ದನಗಳಿಗೆ ಲಸಿಕೆ ಹಾಕಿದರು. 1995ರ ಬಳಿಕ ಭಾರತದಲ್ಲಿ ಆ ರೋಗ ಕಾಣಿಸಲಿಲ್ಲ. 2011ರಲ್ಲಿ ಇಡೀ ಜಗತ್ತಿನಿಂದಲೇ ಅದು ಅಳಿಯಿತೆಂದು ಸಾರಲಾಯಿತು. ಸಿಡುಬಿನ ತರುವಾಯ ಮನುಷ್ಯ ಅಳಿಸಿದ ಎರಡನೆಯ ರೋಗ ಅದು. ಕಾಟಿಯ ಹಿಂಡಿಗೆ ಸೂಜಿ ಚುಚ್ಚಲು ಯಾರೂ ಕಾಡಿಗೆ ಹೋಗಲಿಲ್ಲ. ಊರಿನ ದನಕ್ಕೆ ಚುಚ್ಚಿದರು. ಕಾಡಿನ ಕಾಟಿ ಉಳಿಯಿತು.

ಇದೆಲ್ಲ ಮಲೆನಾಡಿನ, ಬಂಡೀಪುರದ ಮಾತು, ನಮ್ಮ ಬಯಲುಸೀಮೆಗೇನು ಎನ್ನಬಹುದು. ಬಜಾರಿನಲ್ಲಿ ಸತ್ತ ಕೋತಿಗೆ ಮಂಗನ ಕಾಯಿಲೆಯೇ ಇತ್ತೆಂದು ಯಾರೂ ಗಾಬರಿಪಡಬೇಕಾಗಿಲ್ಲ. ಆದರೆ ನಮ್ಮ ತಾಲ್ಲೂಕಿಗೂ ಕಾಡಿನ ಅಂಚು ಉಂಟು. ಕಾಮಸಮುದ್ರದ ಕಡೆಗೆ ಗಡಿಯಾಚೆಯ ಕಾಡುಗಳಿಂದ ಆನೆಗಳು ಬರುವುದನ್ನೂ ರೈತರು ರಾತ್ರಿಯೆಲ್ಲ ಎಚ್ಚರವಿರುವುದನ್ನೂ ಕಾಣದವರಾರು? ಆನೆ ಬಂದರೆ ಊರೆಲ್ಲ ಸುದ್ದಿ. ಆ ಆನೆ ಆರೋಗ್ಯವಾಗಿದೆಯೆ ಎಂದು ಕೇಳುವವರು ವಿರಳ. ಬಲ್ಲವರು ಅದರ ಲದ್ದಿಯನ್ನು ನೋಡಿಯೇ ಹೊಟ್ಟೆಯ ಹುಳುವಿನ ಬಾಧೆಯನ್ನೂ ತಿಂದ ಮೇವನ್ನೂ ಹೇಳಬಲ್ಲರು.

ಇಂಥ ಎಚ್ಚರ ನಮ್ಮ ಸೀಮೆಗೆ ಹೊಸತೂ ಅಲ್ಲ. ಇಲ್ಲಿಂದ ಮಾರಿಕುಪ್ಪದ ರೈಲು ಹತ್ತಿದರೆ ಸಿಗುವ ಚಿನ್ನದ ಗಣಿಗಳು 2001ರಲ್ಲಿ ಮುಚ್ಚಿದುವು. ಅವು ನಡೆಯುತ್ತಿದ್ದ ಕಾಲದಲ್ಲಿ, ಆಳದ ಬಂಡೆ ಒಮ್ಮೆಲೆ ಸಿಡಿದು ಜೀವಗಳನ್ನು ತೆಗೆಯುತ್ತಿತ್ತೆಂದು, ನೆಲದ ಕಂಪನವನ್ನು ಅಳೆಯುವ ಯಂತ್ರಗಳನ್ನಿರಿಸಿ ಬಂಡೆಯ ಸಣ್ಣ ಅದುರನ್ನೂ ಬರೆದಿಡುತ್ತಿದ್ದರು. ಮೂಕ ಬಂಡೆಯ ಮಾತನ್ನು ಕೇಳಲು ಕಿವಿಯಿಟ್ಟವರ ನೆರೆಹೊರೆಯವರಾದ ನಾವು ಮೂಕ ಪ್ರಾಣಿಯ ಮಾತನ್ನು ಕೇಳಲಾರೆವೆ?

ಮಾಡಬೇಕಾದುದು ಬೆಟ್ಟದಷ್ಟೇನೂ ಅಲ್ಲ. ಕೋತಿಯಾಗಲಿ ನರಿಯಾಗಲಿ ಹಕ್ಕಿಗಳ ಗುಂಪಾಗಲಿ ಕಾರಣ ತಿಳಿಯದೆ ಸತ್ತು ಬಿದ್ದಿದ್ದರೆ ಬರಿಗೈಯಿಂದ ಮುಟ್ಟಬಾರದು. ಮಕ್ಕಳನ್ನೂ ನಾಯಿಗಳನ್ನೂ ದೂರವಿಡಬೇಕು. ಅರಣ್ಯ ಕಚೇರಿಗೋ ಪಶುವೈದ್ಯರಿಗೋ ಸುದ್ದಿ ಮುಟ್ಟಿಸಬೇಕು. ದನಗಳಿರುವವರು ಅವುಗಳ ಲಸಿಕೆಯನ್ನು ತಪ್ಪಿಸಬಾರದು. ಇಷ್ಟೆ.

ಇದನ್ನೆಲ್ಲ ಸಂಜೆ ದಿನಸಿ ಅಂಗಡಿಯ ಯಜಮಾನರಿಗೆ ಹೇಳಿದೆ. ಮೊದಲು ಅವರ ಮುಖ ಗಂಟಿಕ್ಕಿತು. “ಹಾಗಾದರೆ ನಾವು ಮಾಡಿದ ಸಂಸ್ಕಾರ ತಪ್ಪೇ ಮೇಷ್ಟ್ರೆ?”

“ತಪ್ಪಲ್ಲ. ಮನೆಯವರು ಯಾರಾದರೂ ತೀರಿಕೊಂಡರೆ ಏನಾಗಿತ್ತು ಎಂದು ಮೊದಲು ಕೇಳುತ್ತೇವಲ್ಲ? ಅದನ್ನೂ ಹಾಗೆಯೇ ಕೇಳಬೇಕಾಗಿತ್ತು, ಅಷ್ಟೆ.”

ಅವರು ತಕ್ಕಡಿಯ ಬಟ್ಟಲನ್ನು ಒರೆಸುತ್ತ ಸ್ವಲ್ಪ ಹೊತ್ತು ಸುಮ್ಮನಿದ್ದರು. ಬಳಿಕ ಹೇಳಿದರು: “ಆಯಿತು. ಇನ್ನೊಂದು ಸಾರಿ ಮೊದಲು ದನದ ಡಾಕ್ಟರಿಗೆ ಹೇಳಿ ಕಳಿಸುತ್ತೇನೆ. ಅವರು ನೋಡಿ ಆಗಲಿ ಅಂದ ಮೇಲೆ ದೂರದಿಂದಲೇ ಹೂವು. ಹೂವು ಮಾತ್ರ ಬಿಡೋದಿಲ್ಲ.”

ಬಿಡಬೇಕಾಗಿಯೂ ಇಲ್ಲ. ನಾನು ಮನೆಗೆ ಬಂದು, ಬೆಳಗಿನಿಂದ ಉಳಿದಿದ್ದ ಕೆಲಸವೊಂದನ್ನು ಮಾಡಿದೆ. ಮಗಳನ್ನು ಕರೆದು ಸೋಪು ಹಚ್ಚಿ ಕೈ ತೊಳೆಯಿಸಿ, “ಅದು ಏಕೆ ಸತ್ತಿತೋ ನನಗೆ ತಿಳಿಯದು, ಮಗು. ಆದರೆ ನೀನು ಕೇಳಿದ್ದು ಸರಿ” ಎಂದೆ.